ಸರ್ಕಾರಕ್ಕೆ ಕಳ್ಳ ಗೊತ್ತು, ಕಳವು ಗೊತ್ತಿಲ್ಲ

1836ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಸರ್ಕಾರ ಒಂದು ಪುಟ್ಟ ಕಾಯ್ದೆ ತಂದಿತು. ಯಾವನಾದರೂ ಠಗ್ಗರ ಗುಂಪಿಗೆ ಸೇರಿದ್ದನೆಂದು ರುಜುವಾತಾದರೆ ಅವನಿಗೆ ಜೀವಾವಧಿ ಕಠಿಣ ಸಜೆ. ಯಾರನ್ನು ಕೊಂದ, ಯಾವ ದಾರಿಯಲ್ಲಿ ಕೊಂದ, ಎಷ್ಟು ದೋಚಿದ ಎಂಬುದನ್ನೆಲ್ಲ ಸಾಬೀತುಪಡಿಸುವ ಗೋಜಿಲ್ಲ. ಕಾಯ್ದೆ ಬರುವುದಕ್ಕೆ ಮೊದಲೇ ಗುಂಪಿನಲ್ಲಿದ್ದವನಿಗೂ ಅದೇ ಶಿಕ್ಷೆ. ಭಾರತದಲ್ಲಿ ಸರ್ಕಾರ ಅಪರಾಧವನ್ನು ಅರಿಯಲು, ಹತೋಟಿಗೆ ತರಲು ಹೊರಟ ಕಥೆಯ ದೊಡ್ಡ ಭಾಗ ಈ ಸಣ್ಣ ಕಾಯ್ದೆಯ ಮುಂದುವರಿಕೆ ಎಂದೇ ನನಗೆ ಕಾಣುತ್ತದೆ. ಏನು ನಡೆಯಿತು ಎಂದು ಕೇಳುವುದಕ್ಕಿಂತ ಇವನು ಯಾರು ಎಂದು ಕೇಳುವುದು ಸರ್ಕಾರಕ್ಕೆ ಯಾವಾಗಲೂ ಸಲೀಸು.

ಕಾಯ್ದೆಯ ಹಿಂದಿದ್ದ ಅಧಿಕಾರಿ ವಿಲಿಯಂ ಸ್ಲೀಮನ್. ಜಬಲ್‌ಪುರದಲ್ಲಿ ಕುಳಿತು, ಸಿಕ್ಕಿಬಿದ್ದವರಲ್ಲಿ ಕೆಲವರನ್ನು ಮಾಫಿಸಾಕ್ಷಿಗಳನ್ನಾಗಿ ಮಾಡಿಕೊಂಡು ಅವರ ಬಾಯಿಂದ ಹೊರಡಿಸಿದ ವಿವರಗಳನ್ನು ಅವನು ಕಡತಗಟ್ಟಲೆ ಬರೆಸಿದ. ಯಾರು ಯಾರ ಮಗ, ಯಾರ ಭಾವಮೈದುನ ಎಂಬ ವಂಶಾವಳಿಗಳು, ಕೊಲೆ ನಡೆದ ಜಾಗಗಳ ನಕ್ಷೆ, ಠಗ್ಗರು ತಮ್ಮೊಳಗೆ ಆಡುವ ಗುಟ್ಟಿನ ಮಾತುಗಳದೇ ಒಂದು ಶಬ್ದಕೋಶ. ಒಬ್ಬ ಮಾಫಿಸಾಕ್ಷಿ ಹತ್ತು ಹೆಸರು ಹೇಳುತ್ತಾನೆ, ಆ ಹತ್ತರಲ್ಲಿ ಇಬ್ಬರು ಮಾಫಿಸಾಕ್ಷಿಗಳಾಗಿ ಇನ್ನಷ್ಟು ಹೆಸರು ಹೇಳುತ್ತಾರೆ. ಹೆಸರು ಹೇಳಿದವನ ಕುತ್ತಿಗೆ ನೇಣಿನಿಂದ ಉಳಿಯುತ್ತದೆ. ಇಂಥ ಏರ್ಪಾಟಿನಲ್ಲಿ ಹೆಸರುಗಳಿಗೆ ಬರ ಬರುವುದುಂಟೆ? ದಾರಿಹೋಕರ ಕೊಲೆಗಳು ನಡೆದದ್ದು ನಿಜ. ಅವೆಲ್ಲವನ್ನೂ ಒಂದೇ ಗುಪ್ತಪಂಥ, ಒಂದೇ ದೇವಿ, ಒಂದೇ ವಂಶವೃತ್ತಿ ಎಂಬ ಹಗ್ಗದಲ್ಲಿ ಕಟ್ಟಿದ್ದು ಎಷ್ಟು ನಿಜ ಎಂಬ ಬಗ್ಗೆ ಇತಿಹಾಸಕಾರರ ನಡುವೆ ಇವತ್ತಿಗೂ ಜಗಳವಿದೆ.

ಈ ಕಡತಗಳ ಬಿಸಿ ನಮ್ಮ ಸೀಮೆಗೂ ತಾಗಿದೆ. ನಿಜಾಮರ ಚಾಕರಿಯಲ್ಲಿದ್ದ ಫಿಲಿಪ್ ಮೆಡೋಸ್ ಟೇಲರ್ 1839ರಲ್ಲಿ ಠಗ್ಗನೊಬ್ಬನ ತಪ್ಪೊಪ್ಪಿಗೆಯ ರೂಪದ ಕಾದಂಬರಿ ಪ್ರಕಟಿಸಿದ. ಇಂಗ್ಲೆಂಡಿನಲ್ಲಿ ಅದಕ್ಕೆ ಮುಗಿಬಿದ್ದರು. ಮುಂದೆ ಅವನೇ ಸುರಪುರ ಸಂಸ್ಥಾನದ ಆಡಳಿತ ನೋಡಿಕೊಳ್ಳಲು ಬಂದು, 1850ರ ದಶಕದ ಆರಂಭದವರೆಗೂ ಅಲ್ಲಿದ್ದ. ಅವನು ಕಟ್ಟಿಸಿದ ಬಂಗಲೆಯನ್ನು ಊರಿನವರು ಟೇಲರ್ ಮಂಜಿಲ್ ಎಂದೇ ಕರೆಯುತ್ತಾರೆ. ಪೊಲೀಸ್ ಕಡತ ಕಾದಂಬರಿಯಾಗಿ, ಕಾದಂಬರಿ ಓದಿದ ಹುಡುಗರು ಅಧಿಕಾರಿಗಳಾಗಿ ಹಿಂದೂಸ್ತಾನಕ್ಕೆ ಬಂದು, ಹೋದಲ್ಲೆಲ್ಲ ಠಗ್ಗರನ್ನು ಕಾಣತೊಡಗಿದ್ದು ಆ ಕಾಲದ ವಿಚಿತ್ರಗಳಲ್ಲೊಂದು.

ಕಂಪನಿಗೆ ಮುಂಚೆ ಇಲ್ಲಿ ಏನೂ ಇರಲಿಲ್ಲ ಎಂದಲ್ಲ. ಮೈಸೂರಿನ ಓರಿಯಂಟಲ್ ಲೈಬ್ರರಿಯಲ್ಲಿ ಆರ್. ಶಾಮಶಾಸ್ತ್ರಿಗಳು ಕಂಡುಹಿಡಿದು 1909ರಲ್ಲಿ ಅಚ್ಚು ಹಾಕಿಸಿದ ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ‘ಕಂಟಕಶೋಧನ’ ಎಂಬ ಅಧಿಕರಣವೇ ಇದೆ. ಅಸಹಜವಾಗಿ ಸತ್ತವನ ಹೆಣಕ್ಕೆ ಎಣ್ಣೆ ಸವರಿ ಪರೀಕ್ಷಿಸಬೇಕು, ಕತ್ತು ಹಿಸುಕಿದ್ದೋ ವಿಷವೋ ಎಂದು ಗುರುತುಗಳಿಂದ ತಿಳಿಯಬೇಕು ಎಂಬ ವಿವರ ಅಲ್ಲಿ ಸಿಗುತ್ತದೆ. 1443ರಲ್ಲಿ ವಿಜಯನಗರಕ್ಕೆ ಬಂದ ಪಾರಸಿ ರಾಯಭಾರಿ ಅಬ್ದುರ್ ರಜಾಕ್, ನಗರದ ಹನ್ನೆರಡು ಸಾವಿರ ಕಾವಲಿನವರ ಸಂಬಳ ವೇಶ್ಯಾವಾಟಿಕೆಗಳ ತೆರಿಗೆಯಿಂದ ಹೋಗುತ್ತಿತ್ತೆಂದು ಬರೆದಿದ್ದಾನೆ. ಹಳ್ಳಿಗಳಲ್ಲಿ ತಳವಾರ ಇದ್ದ. ಹೊಸಬ ಊರಿಗೆ ಬಂದರೆ ಅವನಿಗೆ ಗೊತ್ತಾಗುತ್ತಿತ್ತು. ಎತ್ತು ಕಳೆದರೆ ಹೆಜ್ಜೆ ಹಿಡಿದು ಪಕ್ಕದ ಊರಿನ ಗಡಿಯವರೆಗೆ ಹೋಗಿ, ಅಲ್ಲಿಯ ತಳವಾರನಿಗೆ ಹೊಣೆ ಒಪ್ಪಿಸಿ ಬರುತ್ತಿದ್ದ. ಹಲವು ಕಡೆ ಮಾಲು ಸಿಗದಿದ್ದರೆ ಕಾವಲಿನವನೇ ತೆರಬೇಕಿತ್ತು. ಈ ಪದ್ಧತಿಯಲ್ಲಿ ಅನ್ಯಾಯಗಳಿಗೇನೂ ಕಡಿಮೆಯಿರಲಿಲ್ಲ, ಕಾವಲುಗಾರನೇ ಕಳ್ಳರೊಂದಿಗೆ ಪಾಲುದಾರನಾಗುವುದೂ ಇತ್ತು. ಆದರೂ ಅಲ್ಲಿ ಲೆಕ್ಕ ಕೊಡಬೇಕಾದದ್ದು ಕಳೆದ ಎತ್ತಿಗೆ.

1857ರ ದಂಗೆಯ ನಂತರ ಬಂದ ಹೊಸ ವ್ಯವಸ್ಥೆಯಲ್ಲಿ ಆ ಎತ್ತು ಹಿಂದೆ ಸರಿಯಿತು. ಮೆಕಾಲೆ 1837ರಲ್ಲೇ ಕರಡು ಮಾಡಿಟ್ಟಿದ್ದ ದಂಡಸಂಹಿತೆ 1860ರಲ್ಲಿ ಕಾಯ್ದೆಯಾಯಿತು, 1861ರಲ್ಲಿ ಪೊಲೀಸ್ ಕಾಯ್ದೆ ಬಂತು. ಲಂಡನ್ನಿನಲ್ಲಿ ರಾಬರ್ಟ್ ಪೀಲ್ ಕಟ್ಟಿದ ಪೊಲೀಸರು ನಿರಾಯುಧರಾಗಿ ಬೀದಿ ಸುತ್ತುವವರು. ನಮಗೆ ಮಾದರಿಯಾದದ್ದು ಐರ್ಲೆಂಡಿನ ಬಂದೂಕುಧಾರಿ ದಳ. ನಲವತ್ತು ವರ್ಷ ಅದನ್ನು ನಡೆಸಿದ ಮೇಲೆ, 1902-03ರಲ್ಲಿ ಆಂಡ್ರ್ಯೂ ಫ್ರೇಸರ್ ಅಧ್ಯಕ್ಷತೆಯ ಪೊಲೀಸ್ ಆಯೋಗ ವಿಚಾರಣೆ ನಡೆಸಿತು. ದಳದ ತರಬೇತಿ ಕೆಟ್ಟಿದೆ, ಮೇಲ್ವಿಚಾರಣೆ ಸಾಲದು, ಜನ ಅದನ್ನು ಭ್ರಷ್ಟವೆಂದೂ ಪೀಡಕವೆಂದೂ ನೋಡುತ್ತಾರೆ ಎಂದು ಸರ್ಕಾರದ ಆಯೋಗವೇ ಬರೆಯಿತು. ಆಮೇಲೆ ಬಂದ ಆಯೋಗಗಳ ವರದಿಗಳನ್ನು ಓದಿದರೆ ಇದೇ ಮಾತುಗಳು ಹೊಸ ಟೈಪಿನಲ್ಲಿ ಎದುರಾಗುತ್ತವೆ.

ಸ್ಲೀಮನ್ ಹಾಕಿಕೊಟ್ಟ ದಾರಿ ಪೂರ್ತಿ ಹೆದ್ದಾರಿಯಾದದ್ದು 1871ರ ಅಪರಾಧಿ ಬುಡಕಟ್ಟುಗಳ ಕಾಯ್ದೆಯಲ್ಲಿ. ಇದರ ತರ್ಕ ಬಹಳ ಸರಳ. ಹಿಂದೂಸ್ತಾನದಲ್ಲಿ ಬಡಗಿಯ ಮಗ ಬಡಗಿ, ನೇಕಾರನ ಮಗ ನೇಕಾರ. ಹಾಗಾದರೆ ಕಳ್ಳನ ಮಗ ಕಳ್ಳನೇ ಇರಬೇಕು. ಸ್ಥಳೀಯ ಸರ್ಕಾರ ಒಂದು ಜನಾಂಗವನ್ನು ಅಪರಾಧಿ ಎಂದು ಅಧಿಸೂಚನೆ ಹೊರಡಿಸಿದರೆ ಮುಗಿಯಿತು, ಅದನ್ನು ಯಾವ ನ್ಯಾಯಾಲಯವೂ ಪ್ರಶ್ನಿಸುವಂತಿಲ್ಲ. ಮೊದಲು ಉತ್ತರ ಭಾರತಕ್ಕೆ ಸೀಮಿತವಾಗಿದ್ದ ಇದು 1911ರ ತಿದ್ದುಪಡಿಯಿಂದ ದಕ್ಷಿಣಕ್ಕೂ ಬಂತು. ಹೆಸರು ರಿಜಿಸ್ಟರಿಗೆ ಏರಿಸುವುದು, ಬೆರಳಚ್ಚು ತೆಗೆದುಕೊಳ್ಳುವುದು, ಗೊತ್ತಾದ ಹೊತ್ತಿಗೆ ಬಂದು ಹಾಜರಿ ಹಾಕಿಸುವುದು, ಮಕ್ಕಳನ್ನು ಅಪ್ಪ ಅಮ್ಮಂದಿರಿಂದ ಬೇರೆ ಮಾಡಿ ಶಾಲೆಗಳಲ್ಲಿಡುವುದು ಎಲ್ಲಕ್ಕೂ ಕಾನೂನಿನ ಬಲ ಸಿಕ್ಕಿತು.

ಮುಂಬೈ ಪ್ರಾಂತದಲ್ಲಿ ಈ ಕೆಲಸ ಶುರುವಾದದ್ದೇ ನಮ್ಮ ವಿಜಾಪುರದಿಂದ. ಐಸಿಎಸ್ ಅಧಿಕಾರಿ ಒ.ಎಚ್.ಬಿ. ಸ್ಟಾರ್ಟ್ ಅಲ್ಲಿ ಪ್ರಯೋಗ ಆರಂಭಿಸಿ, ಮುಂದೆ ಇಡೀ ಪ್ರಾಂತದಲ್ಲಿ ಈ ಜನಾಂಗಗಳನ್ನು ಕೂಡಿಡುವ ಸೆಟ್ಲಮೆಂಟುಗಳ ಉಸ್ತುವಾರಿ ವಹಿಸಿಕೊಂಡ. ಹುಬ್ಬಳ್ಳಿ, ಗದಗ, ವಿಜಾಪುರಗಳಲ್ಲಿ ತಂತಿಬೇಲಿಯ ಒಳಗೆ ಸಾಲುಮನೆಗಳು ಎದ್ದವು. ಬೆಳಗಾದರೆ ಹಾಜರಿ, ಕೆಲಸದ ವೇಳೆಗೆ ಹೊರಗೆ, ಸಂಜೆ ಮತ್ತೆ ಹಾಜರಿ. ಬೇರೆ ಊರಿಗೆ ಹೋಗಬೇಕಾದರೆ ಪಾಸು ಬೇಕು. ಹುಬ್ಬಳ್ಳಿಯಲ್ಲಿ, ಗದಗಿನಲ್ಲಿ ಆಟೋದವನಿಗೆ ‘ಸೆಟ್ಲಮೆಂಟ್’ ಅಂದರೆ ಇವತ್ತಿಗೂ ಸರಿಯಾದ ಜಾಗಕ್ಕೆ ಕರೆದೊಯ್ಯುತ್ತಾನೆ. ಅಲ್ಲಿ ಹುಟ್ಟಿ ಬೆಳೆದ ಅನೇಕರಿಗೆ ಅದು ಬರಿ ವಿಳಾಸ, ಕೆಲಸ ಕೊಡುವವರಿಗೆ ಮಾತ್ರ ಆ ವಿಳಾಸ ಎರಡನೇ ಸಲ ಓದಬೇಕಾದ ಸಂಗತಿ.

ಸ್ಟಾರ್ಟ್‌ನಂಥವರು ಕ್ರೂರಿಗಳೇನಲ್ಲ. ಕೂಲಿ ಕೊಡಿಸಬೇಕು, ಅಕ್ಷರ ಕಲಿಸಬೇಕು, ಕೊನೆಗೆ ಬಿಟ್ಟುಬಿಡಬೇಕು ಎಂಬ ಹಂಬಲ ಅವರಿಗಿತ್ತು. ಕುತೂಹಲದ ಸಂಗತಿಯೆಂದರೆ, ಈ ಜನ ಕಳವಿಗೆ ಬಿದ್ದಿದ್ದರೆ ಯಾಕೆ ಬಿದ್ದರು ಎಂಬ ಪ್ರಶ್ನೆಗೆ ಉತ್ತರ ಸರ್ಕಾರದ ಇನ್ನೊಂದು ಇಲಾಖೆಯ ಕಡತದಲ್ಲೇ ಇತ್ತು. ಕೊರಚರು ಕರಾವಳಿಯಿಂದ ಉಪ್ಪು ಹೇರಿಕೊಂಡು ಒಳನಾಡಿಗೆ ಬಂದು, ಹೋಗುವಾಗ ಕಾಳುಕಡಿ ಒಯ್ಯುತ್ತಿದ್ದರು. ಲಂಬಾಣಿಗಳ ಎತ್ತಿನ ಹಿಂಡುಗಳು ಸೈನ್ಯಗಳಿಗೇ ದವಸ ಪೂರೈಸಿದ್ದವು. ಉಪ್ಪಿನ ಮೇಲೆ ಸರ್ಕಾರದ ಹಿಡಿತ ಬಂತು, ರೈಲು ಬಂತು, ಕಾಡಿಗೆ ಬೇಲಿ ಬಂತು. ಮೂರೂ ಸರ್ಕಾರ ತಂದದ್ದೇ. ಬದುಕು ಹೋದವರು ಊರೂರು ಅಲೆಯತೊಡಗಿದಾಗ, ಅಲೆಯುವುದನ್ನೇ ಲಕ್ಷಣವೆಂದು ಬರೆದುಕೊಂಡರು.

ಇದೇ ಹೊತ್ತಿಗೆ ಯುರೋಪಿನಲ್ಲೂ ಅಪರಾಧಿಯ ಶರೀರವನ್ನು ಅಳೆಯುವ ಹುಚ್ಚು ಏರಿತ್ತು. ಇಟಲಿಯ ಲೊಂಬ್ರೊಸೊ 1876ರಲ್ಲಿ, ಕೆಲವರು ಹುಟ್ಟಾ ಅಪರಾಧಿಗಳು, ದವಡೆ-ಹಣೆಗಳಲ್ಲಿ ಅದು ಕಾಣುತ್ತದೆ ಎಂದು ಪುಸ್ತಕ ಬರೆದ. ಪ್ಯಾರಿಸಿನಲ್ಲಿ ಬರ್ತಿಲೋನ್ ಕೈದಿಗಳ ತಲೆ, ಕಿವಿ, ಬೆರಳು, ಪಾದಗಳ ಅಳತೆ ತೆಗೆದು ಕಾರ್ಡಿನಲ್ಲಿ ಬರೆಯತೊಡಗಿದ. ಲೊಂಬ್ರೊಸೊ ಮೂಲೆಗೆ ಹೋದ. ಬರ್ತಿಲೋನನ ಅಳತೆ ಬಂಗಾಳಕ್ಕೆ ಬಂದು, ಅಲ್ಲಿ ಬೆರಳಚ್ಚಿನ ಮುಂದೆ ಸೋತಿತು.

ಬೆರಳಚ್ಚಿನ ಕಥೆ ಹೇಳಲೇಬೇಕು, ಏಕೆಂದರೆ ಈ ಇಡೀ ಇತಿಹಾಸದಲ್ಲಿ ನಿಸ್ಸಂದೇಹವಾಗಿ ಗೆದ್ದ ವಿದ್ಯೆ ಇದೊಂದೇ, ಮತ್ತು ಅದು ಬೆಳೆದದ್ದು ಇಲ್ಲಿ. 1858ರಲ್ಲಿ ಬಂಗಾಳದ ಜಂಗೀಪುರದಲ್ಲಿ ವಿಲಿಯಂ ಹರ್ಷೆಲ್ ರಸ್ತೆಗೆ ಜಲ್ಲಿ ಪೂರೈಸುವ ಗುತ್ತಿಗೆದಾರ ರಾಜ್ಯಧರ ಕೊನಾಯ್ ಎಂಬಾತನಿಂದ ಕರಾರುಪತ್ರದ ಮೇಲೆ ಇಡೀ ಅಂಗೈಯ ಅಚ್ಚು ಒತ್ತಿಸಿಕೊಂಡ. ಆಮೇಲೆ ಇದು ನನ್ನ ರುಜುವಲ್ಲ ಅನ್ನದಿರಲಿ ಎಂಬುದಷ್ಟೇ ಅವನ ಉದ್ದೇಶ. ಮುಂದೆ ಫ್ರಾನ್ಸಿಸ್ ಗಾಲ್ಟನ್ ಅದರ ಮೇಲೆ ಪುಸ್ತಕ ಬರೆದ. ಆದರೆ ಪೊಲೀಸರ ತೊಡಕು ಬೇರೆಯೇ. ಹತ್ತಾರು ಸಾವಿರ ಕಾರ್ಡುಗಳ ಮಧ್ಯೆ ಬೇಕಾದ ಒಂದನ್ನು ಹುಡುಕುವುದು ಹೇಗೆ? ಕಲ್ಕತ್ತೆಯಲ್ಲಿ ಇನ್ಸ್‌ಪೆಕ್ಟರ್ ಜನರಲ್ ಎಡ್ವರ್ಡ್ ಹೆನ್ರಿಯ ಕೈಕೆಳಗಿದ್ದ ಅಜೀಜುಲ್ ಹಕ್ ಮತ್ತು ಹೇಮಚಂದ್ರ ಬೋಸ್ ಎಂಬ ಇಬ್ಬರು ಇದನ್ನು ಬಿಡಿಸಿದರು. ಹತ್ತು ಬೆರಳುಗಳಲ್ಲಿ ಸುಳಿ ಎಲ್ಲಿದೆ, ಎಲ್ಲಿಲ್ಲ ಎಂಬುದಕ್ಕೆ ಅಂಕಿ ಕೊಟ್ಟು, ಎಲ್ಲ ಕಾರ್ಡುಗಳನ್ನು 1,024 ಗೂಡುಗಳಿಗೆ ಹಂಚುವ ಲೆಕ್ಕ. ಅಡ್ಡ ಮೂವತ್ತೆರಡು, ಉದ್ದ ಮೂವತ್ತೆರಡು. 1897ರಲ್ಲಿ ಕಲ್ಕತ್ತೆಯಲ್ಲಿ ಜಗತ್ತಿನ ಮೊದಲ ಬೆರಳಚ್ಚು ಬ್ಯೂರೋ ತೆರೆಯಿತು. 1901ರಲ್ಲಿ ಸ್ಕಾಟ್ಲೆಂಡ್ ಯಾರ್ಡಿಗೂ ಹೋಯಿತು. ಹೋದದ್ದು ‘ಹೆನ್ರಿ ಪದ್ಧತಿ’ ಎಂಬ ಹೆಸರಿನಲ್ಲಿ. ಹಕ್ ಮತ್ತು ಬೋಸರಿಗೆ ಖಾನ್ ಬಹಾದ್ದೂರ್, ರಾಯ್ ಬಹಾದ್ದೂರ್ ಬಿರುದುಗಳು ಬಂದವು.

ಬ್ಯೂರೋದ ಆರಂಭದ ದಿನಗಳ ಮೊಕದ್ದಮೆಯೊಂದು ನನಗೆ ಬಹಳ ಪ್ರಿಯ. ಜಲಪಾಯ್‌ಗುಡಿ ಜಿಲ್ಲೆಯ ಚಹಾ ತೋಟದ ಮ್ಯಾನೇಜರನೊಬ್ಬ ಹಾಸಿಗೆಯಲ್ಲೇ ಕೊಲೆಯಾಗಿದ್ದ, ಪೆಟ್ಟಿಗೆ ಒಡೆದಿತ್ತು. ಒಳಗಿದ್ದ ಬಂಗಾಳಿ ಪಂಚಾಂಗದ ಮೇಲೆ ಕಂದುಬಣ್ಣದ ಒಂದು ಬೆರಳಿನ ಗುರುತು. ಹಿಂದೆ ಇದೇ ಮ್ಯಾನೇಜರನ ದೂರಿನಿಂದ ಜೈಲಿಗೆ ಹೋಗಿಬಂದಿದ್ದ ಕಂಗಾಲಿ ಚರಣ್ ಎಂಬ ಆಳಿನ ಹೆಬ್ಬೆಟ್ಟು ಕಲ್ಕತ್ತೆಯ ಗೂಡಿನಲ್ಲಿತ್ತು, ತಾಳೆಯಾಯಿತು. 1898ರಲ್ಲಿ ವಿಚಾರಣೆ ನಡೆದಾಗ ಕಳವು ಸಾಬೀತಾಯಿತು, ಕೊಲೆ ಆಗಲಿಲ್ಲ. ಬೆರಳು ಪಂಚಾಂಗವನ್ನು ಮುಟ್ಟಿತ್ತು ಎಂಬುದಕ್ಕೆ ಸಾಕ್ಷಿಯಿದೆ, ಅದೇ ಕೈ ಕತ್ತು ಕೊಯ್ದಿತು ಎಂಬುದಕ್ಕೆ ಇಲ್ಲ ಎಂಬ ತೀರ್ಮಾನ. ಯಾರು ಎಂಬುದಕ್ಕೂ ಏನು ಎಂಬುದಕ್ಕೂ ನಡುವೆ ಗೆರೆ ಎಳೆದ ಆ ವಿವೇಕ 1871ರ ಕಾಯ್ದೆ ಮಾಡಿದವರಿಗಿದ್ದಿದ್ದರೆ!

ಸ್ವಾತಂತ್ರ್ಯ ಬಂದ ಮೇಲೆ ಅನಂತಶಯನಂ ಅಯ್ಯಂಗಾರ್ ಸಮಿತಿ ಹಳೆಯ ಕಾಯ್ದೆಯನ್ನು ರದ್ದುಮಾಡಲು ಶಿಫಾರಸು ಮಾಡಿತು. 1952ರ ಆಗಸ್ಟ್ 31ರಂದು ಅದು ರದ್ದಾಯಿತು. ಆ ದಿನವನ್ನು ವಿಮುಕ್ತ ಸಮುದಾಯಗಳು ವಿಮುಕ್ತಿ ದಿನವೆಂದು ಆಚರಿಸುತ್ತವೆ. ಜನಾಂಗದ ಹೆಸರು ಹೋದ ಜಾಗಕ್ಕೆ ರಾಜ್ಯಗಳು ‘ರೂಢಿಗತ ಅಪರಾಧಿ’ ಎಂಬ ವ್ಯಕ್ತಿಯನ್ನು ತಂದು ಕೂರಿಸಿದವು. ನಮ್ಮಲ್ಲಿ 1961ರಲ್ಲಿ ಅಂಥ ಕಾಯ್ದೆ ಬಂತು. 1985ರಲ್ಲಿ ಗೂಂಡಾ ಕಾಯ್ದೆ ಎಂದು ಎಲ್ಲರೂ ಕರೆಯುವ ಮುನ್ನೆಚ್ಚರಿಕೆ ಬಂಧನದ ಕಾನೂನು. ಇವುಗಳ ಜೊತೆಗೆ ಪೊಲೀಸ್ ಕೈಪಿಡಿಯ ಆಧಾರದ ಮೇಲೆ ತೆರೆಯುವ ರೌಡಿ ಶೀಟು. ಚುನಾವಣೆ, ಗಣೇಶೋತ್ಸವ ಹತ್ತಿರ ಬಂದರೆ ಬೆಳಿಗ್ಗೆ ಮೈದಾನದಲ್ಲಿ ರೌಡಿ ಪೆರೇಡು. ನಲವತ್ತು ದಾಟಿದ, ಹೊಟ್ಟೆ ಬಂದ ಗಂಡಸರು ಸಾಲಾಗಿ ನಿಂತು, ತಲೆಗೂದಲು ಉದ್ದ ಬಿಟ್ಟದ್ದಕ್ಕೆ ಬೈಸಿಕೊಳ್ಳುತ್ತಿರುವ ಫೋಟೋ ಮರುದಿನ ಪೇಪರಿನಲ್ಲಿ. ಶೀಟು ತೆರೆಯುವುದು ಸುಲಭ, ಮುಚ್ಚಿಸುವುದು ಕಷ್ಟ. ಶೀಟು ತೆರೆಯುವ ಮುಂಚೆ ನೋಟಿಸು ಕೊಟ್ಟು ಅವನ ಮಾತು ಕೇಳಬೇಕೆಂದು ಹೈಕೋರ್ಟು 2022ರಲ್ಲಿ ಹೇಳಬೇಕಾಯಿತು ಎಂದರೆ, ಅಲ್ಲಿಯವರೆಗೆ ಹೇಗೆ ನಡೆಯುತ್ತಿತ್ತು ಎಂದು ಬಿಡಿಸಿ ಹೇಳಬೇಕಿಲ್ಲ.

ಮನುಷ್ಯನ ಮೈಮೇಲಿನ ಗುರುತು ಸಾಲದೆ ಒಳಗಿನ ಮನಸ್ಸನ್ನೇ ಓದುವ ಆಸೆಯೂ ಸರ್ಕಾರಕ್ಕೆ ಬಂತು, ಅದರ ಮುಖ್ಯ ರಂಗಸ್ಥಳ ಬೆಂಗಳೂರು. 2000ದ ನಂತರದ ಹತ್ತು ವರ್ಷ ಮಡಿವಾಳದ ವಿಧಿವಿಜ್ಞಾನ ಪ್ರಯೋಗಾಲಯದ ಮಂಪರು ಪರೀಕ್ಷೆ, ಬ್ರೇನ್ ಮ್ಯಾಪಿಂಗ್‌ಗಳ ಸುದ್ದಿಯಿಲ್ಲದ ವಾರವಿರಲಿಲ್ಲ. ಛಾಪಾಕಾಗದ ಹಗರಣದ ಆರೋಪಿಯಿಂದ ಹಿಡಿದು ದೇಶದ ನಾನಾ ಕಡೆಯ ಆರೋಪಿಗಳನ್ನು ಇಲ್ಲಿಗೆ ಕರೆತರುತ್ತಿದ್ದರು. ಮಂಪರಿನಲ್ಲಿ ತೊದಲಿದ ಮಾತುಗಳು ಟಿವಿಯಲ್ಲಿ ಬರುತ್ತಿದ್ದವು. ಅರೆಪ್ರಜ್ಞೆಯಲ್ಲಿ ಮನುಷ್ಯ ಸತ್ಯವನ್ನೇ ಆಡುತ್ತಾನೆ ಎಂಬುದಕ್ಕೆ ಆಧಾರವೇನು ಎಂದು ಕೇಳಿದವರು ಕಡಿಮೆ. 2010ರ ಮೇ 5ರಂದು ಸುಪ್ರೀಂ ಕೋರ್ಟು ಸೆಲ್ವಿ ವಿರುದ್ಧ ಕರ್ನಾಟಕ ಸರ್ಕಾರ ಮೊಕದ್ದಮೆಯಲ್ಲಿ, ಒಪ್ಪಿಗೆಯಿಲ್ಲದೆ ಇಂಥ ಪರೀಕ್ಷೆ ನಡೆಸುವುದು ಸಂವಿಧಾನಕ್ಕೆ ವಿರುದ್ಧವೆಂದು ತೀರ್ಪು ಕೊಟ್ಟಿತು. ತನ್ನ ವಿರುದ್ಧ ತಾನೇ ಸಾಕ್ಷಿಯಾಗುವಂತೆ ಯಾರನ್ನೂ ಬಲವಂತಪಡಿಸಬಾರದು ಎಂಬ 20(3)ನೇ ವಿಧಿಯ ಮೇಲೆ ಆ ತೀರ್ಪು ನಿಂತಿದೆ.

ಇಷ್ಟರ ನಡುವೆ ಅಪರಾಧವನ್ನೇ ಎಣಿಸುವ, ಅಂದರೆ ಯಾರು ಎಂಬುದನ್ನು ಬಿಟ್ಟು ಏನು ಎಂಬುದನ್ನು ಕೇಳುವ ಯತ್ನ ಆಗಲೇ ಇಲ್ಲವೇ? ಆಗಿದೆ. ಫ್ರಾನ್ಸ್ 1827ರಿಂದ ನ್ಯಾಯಾಲಯಗಳ ವಾರ್ಷಿಕ ಲೆಕ್ಕ ಪ್ರಕಟಿಸತೊಡಗಿದಾಗ ಬೆಲ್ಜಿಯಂನ ಕೆಟ್ಲೆ ಬೆರಗಾದ: ಕೊಲೆ, ಕಳವುಗಳ ಸಂಖ್ಯೆ ವರ್ಷದಿಂದ ವರ್ಷಕ್ಕೆ ಹೆಚ್ಚುಕಡಿಮೆ ಅಷ್ಟೇ ಇತ್ತು. ಹಾಗಾದರೆ ಅಪರಾಧದ ಬೇರು ಒಬ್ಬೊಬ್ಬನ ಕೆಟ್ಟತನಕ್ಕಿಂತ ಸಮಾಜದ ಸ್ಥಿತಿಯಲ್ಲಿದೆ ಎಂದು ಅವನು ವಾದಿಸಿದ. ನಮ್ಮಲ್ಲಿ ‘ಕ್ರೈಮ್ ಇನ್ ಇಂಡಿಯಾ’ ವಾರ್ಷಿಕ ವರದಿ 1953ರಿಂದ ಬರುತ್ತಿದೆ, 1986ರಲ್ಲಿ ಅದಕ್ಕೆಂದೇ ರಾಷ್ಟ್ರೀಯ ಅಪರಾಧ ದಾಖಲೆ ಬ್ಯೂರೋ ಸ್ಥಾಪನೆಯಾಯಿತು. ವರದಿ ಬಂದ ದಿನ ಯಾವ ರಾಜ್ಯ ಮೊದಲು, ಯಾವ ನಗರ ಕೊನೆ ಎಂದು ಟಿವಿಯವರು ಪಟ್ಟಿ ಹಾಕುತ್ತಾರೆ. ಅಪರಾಧ ಹೆಚ್ಚುವುದು ಬೇರೆ, ಪ್ರಕರಣ ದಾಖಲಾಗುವುದು ಹೆಚ್ಚುವುದು ಬೇರೆ ಎಂದು ಬ್ಯೂರೋ ತಾನೇ ಎಚ್ಚರಿಸುತ್ತದೆ. ಆ ಎಚ್ಚರಿಕೆಯನ್ನು ಯಾರೂ ಓದುವುದಿಲ್ಲ.

ಲೆಕ್ಕ ಹುಟ್ಟುವ ಜಾಗ ಠಾಣೆಯ ಮೇಜು. ಬಸ್ಸಿನಲ್ಲಿ ಮೊಬೈಲ್ ಹೊಡೆದರು ಎಂದು ಹೋದವನಿಗೆ ಬರೆಯುವ ಪೇದೆ ಮೊದಲು ಕೇಳುವುದು, ‘ಕಳವಾಗಿದ್ದು ನೋಡಿದ್ರಾ? ಎಲ್ಲೋ ಬಿದ್ದುಹೋಗಿರಬಹುದಲ್ವಾ?’ ಬಿದ್ದುಹೋಗಿದೆ ಎಂದು ಬರೆದುಕೊಟ್ಟರೆ ಹಿಂಬರಹ ತಕ್ಷಣ ಸಿಗುತ್ತದೆ, ಹೊಸ ಸಿಮ್ಮಿಗೆ ಅಷ್ಟು ಸಾಕು. ಎಫ್‌ಐಆರ್ ಎಂದರೆ ಮಹಜರು, ಹೇಳಿಕೆ, ಕೋರ್ಟು, ತಿಂಗಳ ಸಭೆಯಲ್ಲಿ ಪತ್ತೆಯಾಗದ ಪ್ರಕರಣ ಯಾಕಿಷ್ಟು ಎಂದು ಎಸ್‌ಪಿ ಸಾಹೇಬರ ಪ್ರಶ್ನೆ. ಇನ್ಸ್‌ಪೆಕ್ಟರಿಗೂ ಬೇಡ, ಮೊಬೈಲಿನವನಿಗೂ ಬೇಡ. ಹಾಗೆ ಒಂದು ಕಳವು ನಡೆದೂ ನಡೆಯದಂತಾಗುತ್ತದೆ. ಸಂಜ್ಞೇಯ ಅಪರಾಧದ ಮಾಹಿತಿ ಬಂದರೆ ಎಫ್‌ಐಆರ್ ದಾಖಲಿಸಲೇಬೇಕೆಂದು 2013ರ ನವೆಂಬರಿನಲ್ಲಿ ಲಲಿತಾ ಕುಮಾರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿತು. ಕಾನೂನಿನ ಪುಸ್ತಕದಲ್ಲಿ ಅದು ಮೊದಲೂ ಹಾಗೆಯೇ ಇತ್ತು.

ಅಂಕಿಗಳು ಹೇಗೆ ದಾರಿ ತಪ್ಪಿಸುತ್ತವೆ ಎಂಬುದಕ್ಕೆ ದೂರ ಹೋಗಬೇಕಿಲ್ಲ. 2012ರಲ್ಲಿ ದೇಶದಲ್ಲಿ ದಾಖಲಾದ ಅತ್ಯಾಚಾರ ಪ್ರಕರಣಗಳು 24,923, ಮರುವರ್ಷ 33,707. ಒಂದೇ ವರ್ಷದಲ್ಲಿ ಗಂಡಸರು ಅಷ್ಟು ಕೆಟ್ಟರೆ? 2012ರ ಡಿಸೆಂಬರಿನಲ್ಲಿ ದೆಹಲಿಯ ಬಸ್ಸಿನಲ್ಲಿ ನಡೆದ ಸಾಮೂಹಿಕ ಅತ್ಯಾಚಾರದ ನಂತರ ಹೆಣ್ಣುಮಕ್ಕಳು ಠಾಣೆಗೆ ಬಂದರು, ಕಾನೂನಿನ ವ್ಯಾಖ್ಯೆ ಬದಲಾಯಿತು, ಬರೆದುಕೊಳ್ಳದ ಪೊಲೀಸರಿಗೂ ಶಿಕ್ಷೆ ಎಂದಾಯಿತು. ಬೆಂಗಳೂರು ಸೈಬರ್ ಅಪರಾಧದಲ್ಲಿ ವರ್ಷಗಟ್ಟಲೆ ಮಹಾನಗರಗಳ ಮುಂಚೂಣಿಯಲ್ಲಿರುವುದಕ್ಕೂ ಒಂದು ಭಾಗ ಇಂಥದೇ ಕಾರಣ. ದೇಶದ ಮೊದಲ ಸೈಬರ್ ಠಾಣೆ 2001ರಲ್ಲಿ ತೆರೆದದ್ದು ಇಲ್ಲಿ, ಈಗ ಜಿಲ್ಲೆಗೊಂದು ಸಿಇಎನ್ (ಸೈಬರ್, ಆರ್ಥಿಕ, ಮಾದಕವಸ್ತು ಅಪರಾಧ) ಠಾಣೆಯಿದೆ. ದೂರು ಬರೆದುಕೊಳ್ಳಲು ಮೇಜು ಹಾಕಿದ ಊರು ಪಟ್ಟಿಯಲ್ಲಿ ಮೇಲೇರುತ್ತದೆ.

ಇದಕ್ಕೆ ಪರಿಹಾರ ಗೊತ್ತಿಲ್ಲದ್ದೇನಲ್ಲ: ಠಾಣೆಯನ್ನು ಬಿಟ್ಟು ಮನೆಗಳಿಗೆ ಹೋಗಿ ಕೇಳುವುದು. ಅಮೆರಿಕದಲ್ಲಿ ಅಧ್ಯಕ್ಷ ಜಾನ್ಸನ್ ನೇಮಿಸಿದ ಆಯೋಗ 1960ರ ದಶಕದಲ್ಲಿ ಹತ್ತು ಸಾವಿರ ಮನೆಗಳಲ್ಲಿ ವಿಚಾರಿಸಿದಾಗ, ಪೊಲೀಸರ ಪುಸ್ತಕಕ್ಕೆ ಬಾರದ ಅಪರಾಧದ ಪ್ರಮಾಣ ಕಂಡು ಆಯೋಗವೇ ದಂಗಾಯಿತು. ಅಲ್ಲಿ ಅದು ಮುಂದಿನ ದಶಕದಲ್ಲೇ ಕಾಯಂ ಸಮೀಕ್ಷೆಯಾಯಿತು, ಬ್ರಿಟನ್ನಿನಲ್ಲಿ 1982ರಲ್ಲಿ ಆರಂಭವಾಯಿತು. ನಮ್ಮಲ್ಲಿ ಇದಕ್ಕೆ ಹತ್ತಿರವಾದದ್ದು ಆರೋಗ್ಯ ಇಲಾಖೆಯ ಸಮೀಕ್ಷೆಯೊಳಗೆ ಅಡಗಿ ಕೂತಿದೆ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಐದನೇ ಸುತ್ತಿನಲ್ಲಿ (2019-21) ಕರ್ನಾಟಕದ 18ರಿಂದ 49 ವರ್ಷದ ವಿವಾಹಿತ ಹೆಂಗಸರಲ್ಲಿ ಶೇಕಡಾ 44.4 ಮಂದಿ ಗಂಡನಿಂದ ಹಿಂಸೆ ಅನುಭವಿಸಿದ್ದೇವೆ ಎಂದರು. ಹಿಂದಿನ ಸುತ್ತಿನಲ್ಲಿ ಅದು 20.6 ಇತ್ತು. ಐದನೇ ಸುತ್ತಿನ ಈ ಅಂಕಿ ದೇಶದಲ್ಲೇ ಅತಿ ಹೆಚ್ಚು. ಇಡೀ ದೇಶದಲ್ಲಿ ಹಿಂಸೆ ಅನುಭವಿಸಿದವರ ಪೈಕಿ ಯಾರಿಂದಲಾದರೂ ಸಹಾಯ ಕೇಳಿದವರು ನೂರಕ್ಕೆ ಸುಮಾರು ಹದಿನಾಲ್ಕು. ಕೇಳಿದವರೂ ಹೆಚ್ಚಾಗಿ ಹೋದದ್ದು ತವರಿನವರ ಹತ್ತಿರ. ಐದು ವರ್ಷದಲ್ಲಿ ಎರಡರಷ್ಟಾದ ಈ ಅಂಕಿಯಲ್ಲಿ ಹಿಂಸೆ ಎಷ್ಟು ಹೆಚ್ಚಿತು, ಹೇಳುವ ಧೈರ್ಯ ಎಷ್ಟು ಹೆಚ್ಚಿತು ಎಂದು ಬಿಡಿಸುವ ಕೆಲಸ ಯಾವ ಗೃಹಮಂತ್ರಿಯ ಭಾಷಣಕ್ಕೂ ವಿಷಯವಾಗಲಿಲ್ಲ.

ಹಣ ಮಾತ್ರ ಹಳೆಯ ದಾರಿಯಲ್ಲೇ ಹರಿಯುತ್ತಿದೆ. 1920ರ ಕೈದಿಗಳ ಗುರುತಿನ ಕಾಯ್ದೆಯ ಜಾಗಕ್ಕೆ 2022ರಲ್ಲಿ ಬಂದ ಹೊಸ ಕಾಯ್ದೆ ಬೆರಳಚ್ಚಿನ ಜೊತೆಗೆ ಕಣ್ಣಿನ ಪಾಪೆ, ರೆಟಿನಾ, ರಕ್ತದಂಥ ಮಾದರಿ, ಕೈಬರಹ ಎಲ್ಲವನ್ನೂ ತೆಗೆದುಕೊಂಡು 75 ವರ್ಷ ಇಟ್ಟುಕೊಳ್ಳಲು ಅವಕಾಶ ಕೊಡುತ್ತದೆ. ಖುಲಾಸೆಯಾದವನ ದಾಖಲೆ ಅಳಿಸಬೇಕು, ಮ್ಯಾಜಿಸ್ಟ್ರೇಟರು ಬೇರೆ ಆದೇಶ ಕೊಡದಿದ್ದರೆ. 1,024 ಗೂಡುಗಳ ಕಪಾಟಿನ ಜಾಗದಲ್ಲಿ ಈಗ ರಾಷ್ಟ್ರಮಟ್ಟದ ಕಂಪ್ಯೂಟರ್ ಜಾಲವಿದೆ. 2024ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟು ಜೈಲುಗಳ ರಿಜಿಸ್ಟರುಗಳಿಂದ ಜಾತಿಯ ಕಲಂ ಅಳಿಸಲು ಹೇಳಿತು, ವಿಮುಕ್ತ ಬುಡಕಟ್ಟಿನವರನ್ನು ಹುಟ್ಟಿನಿಂದಲೇ ಸಂಶಯಿಸುವ ನಿಯಮಗಳನ್ನು ತೆಗೆದುಹಾಕಿತು. ಕಾಯ್ದೆ ರದ್ದಾಗಿ ಎಪ್ಪತ್ತೆರಡು ವರ್ಷವಾದರೂ ಅವು ಜೈಲು ಕೈಪಿಡಿಗಳಲ್ಲಿ ಉಳಿದುಕೊಂಡಿದ್ದವು.

ಬ್ರಿಟನ್ನಿನಲ್ಲಿ 2014ರ ಜನವರಿಯಲ್ಲಿ ಅಂಕಿಅಂಶ ಪ್ರಾಧಿಕಾರ ಪೊಲೀಸ್ ದಾಖಲೆಗಳ ಅಪರಾಧ ಲೆಕ್ಕಕ್ಕಿದ್ದ ‘ರಾಷ್ಟ್ರೀಯ ಅಂಕಿಅಂಶ’ ಎಂಬ ಮುದ್ರೆಯನ್ನೇ ಕಿತ್ತುಕೊಂಡಿತು. ಅದೇ ವರ್ಷ ಪೊಲೀಸ್ ತಪಾಸಣಾ ಸಂಸ್ಥೆ ಇಂಗ್ಲೆಂಡ್ ಮತ್ತು ವೇಲ್ಸಿನ ಠಾಣೆಗಳ ದೂರುಗಳನ್ನು ಜಾಲಾಡಿ, ನೂರರಲ್ಲಿ ಹತ್ತೊಂಬತ್ತು ಅಪರಾಧಗಳು ಪುಸ್ತಕಕ್ಕೇ ಏರುತ್ತಿಲ್ಲ ಎಂದು ಲೆಕ್ಕ ಕೊಟ್ಟಿತು. ಮಂತ್ರಿಗಳಿಗೆ ಮುಜುಗರವಾಯಿತು, ಠಾಣೆಗಳು ಬರೆಯಲು ಶುರುಮಾಡಿದವು, ದಾಖಲಾದ ಅಪರಾಧ ಏರಿತು. ನಮ್ಮಲ್ಲಿ ಆ ಕೆಲಸಕ್ಕೆ ಹೊಸ ಕ್ಯಾಮೆರಾ ಬೇಡ, ಹೊಸ ಕಾಯ್ದೆಯೂ ಬೇಡ. ರಾಷ್ಟ್ರೀಯ ಮಾದರಿ ಸಮೀಕ್ಷೆ ನಡೆಸುವವರು ಜನ ಎಷ್ಟು ಅಕ್ಕಿ ಕೊಳ್ಳುತ್ತಾರೆ, ಎಷ್ಟು ಬಾಡಿಗೆ ಕಟ್ಟುತ್ತಾರೆ ಎಂದು ದಶಕಗಳಿಂದ ಮನೆಮನೆಗೆ ಹೋಗಿ ಕೇಳುತ್ತಲೇ ಇದ್ದಾರೆ. ಕಳೆದ ವರ್ಷ ನಿಮ್ಮ ಮನೆಯಲ್ಲಿ ಏನಾದರೂ ಕಳವಾಯಿತೇ, ಯಾರಾದರೂ ಹೊಡೆದರೇ, ಠಾಣೆಗೆ ಹೋದಿರೇ, ಹೋಗದಿದ್ದರೆ ಯಾಕೆ ಎಂಬ ನಾಲ್ಕು ಪ್ರಶ್ನೆಗಳನ್ನು ಪ್ರತಿವರ್ಷ ಅವರ ಕೈಗೆ ಕೊಟ್ಟರೆ, ಆ ವರ್ಷದ ಠಾಣೆಯ ಲೆಕ್ಕದ ಪಕ್ಕದಲ್ಲಿ ಇಟ್ಟು ನೋಡಲು ಇನ್ನೊಂದು ಲೆಕ್ಕ ಸಿಗುತ್ತದೆ. ಎರಡರ ನಡುವಿನ ಅಂತರವನ್ನು ಯಾವ ಸರ್ಕಾರ ತಾನಾಗಿ ಪ್ರಕಟಿಸೀತು ಎಂಬುದೇ ತೊಡಕು.